ಅಂಟಾರ್ಕ್ಟಿಕಾದ ವರ

ನನ್ನ ಓರಗಿತ್ತಿ ನಾಗವ್ವ ಯಾರನ್ನೂ ಸುಲಭಕ್ಕೆ ನಂಬುವವಳಲ್ಲ. ವಿಜಯಪುರ ಬಿಟ್ಟು ಲಂಡನ್ನಿನ ಸಟನ್‌ಗೆ ಬಂದು ತಲೆ ನರೆತರೂ, ಕೆಲಸ ಮಾಡುವ ಆಸ್ಪತ್ರೆಯ ಅಡುಗೆಮನೆಯಲ್ಲಿ ಹಾಲಿನ ತಾರೀಖು ಓದಿದ ಮೇಲೂ ಮೂಸಿ ನೋಡುತ್ತಾಳೆ. ಜಿಪಿ ಡಾಕ್ಟರು ಬರೆದ ಗುಳಿಗೆಯನ್ನು ಔಷಧಿ ಅಂಗಡಿಯವನಿಗೆ ಇನ್ನೊಮ್ಮೆ ಕೇಳದೆ ನುಂಗುವುದಿಲ್ಲ. ಗಂಡ ತೀರಿಕೊಂಡ ಮೇಲೆ ಮಗಳು ಐಶ್ವರ್ಯಾಳನ್ನು ಒಬ್ಬಳೇ ಬೆಳೆಸಿದಳು. ಮೋಸ ಹೋಗಲು ಅವಳಿಗೆ ಪುರುಸೊತ್ತಾದರೂ ಎಲ್ಲಿತ್ತು?

ಇಂಥವಳ ಮಗಳು ಮೆಚ್ಚಿದ್ದು ಅಂಟಾರ್ಕ್ಟಿಕಾಕ್ಕೆ ಹೋಗುವ ಹುಡುಗನನ್ನು. ಸುಶಾಂತ ಜನರೇಟರ್ ಮೆಕ್ಯಾನಿಕ್. ಅಲ್ಲಿನ ಸಂಶೋಧನಾ ಕೇಂದ್ರ ತೆರೆದಿರುವುದು ಅಲ್ಲಿನ ಬೇಸಿಗೆಯಲ್ಲಿ ಮಾತ್ರ. ಹಾಗಾಗಿ ಇಲ್ಲಿ ಚಳಿ ಶುರುವಾದಾಗ ಹೋಗಿ, ಚಳಿ ಮುಗಿಯುವಾಗ ಬರುತ್ತಾನೆ.

“ಥಂಡಿಗೆ ಅಂಜಿ ಮಂದಿ ಸ್ಪೇನಿಗೆ ಹೋಗ್ತಾರ, ಇಂವ ಮಂಜುಗಡ್ಡಿ ಇದ್ದಲ್ಲೆ ಹೊಂಟಾನ. ಅಲ್ಲೆ ಇನ್ನೊಂದು ಸಂಸಾರ ಇಟ್ಟಿದ್ರ ಯಾರಿಗೆ ಗೊತ್ತಾಗತೈತಿ?” ಎಂದಳು ನಾಗವ್ವ.

ನಮ್ಮಲ್ಲಿ ಹೆಣ್ಣು ಕೊಡುವ ಮುಂಚೆ ಗಂಡಿನ ಓಣಿಯಲ್ಲಿ ವಿಚಾರಿಸುವುದು ವಾಡಿಕೆ. “ಪೆಂಗ್ವಿನ್ನಿಗೆ ಕೇಳಬೇಕಷ್ಟ, ಅಕ್ಕಾ” ಎಂದೆ. ಅವಳು ನಗಲಿಲ್ಲ.

ಅಂತೂ ಅವನು ಹೊರಡುವ ಹಿಂದಿನ ದಿನ ಪಿನ್ನರ್‌ನ ಅವನ ಮನೆಯಲ್ಲಿ ನಿಶ್ಚಿತಾರ್ಥವಾಯಿತು. ಎಲ್ಲರ ಒತ್ತಾಯಕ್ಕೆ ಕೇಂದ್ರದ ದಪ್ಪ ಜಾಕೆಟ್ ತೊಟ್ಟು ನಿಂತಿದ್ದ; ಹಿರಿಯರು ಅದರ ಮೇಲೆಯೇ ಅಕ್ಕಿಕಾಳು ಹಾಕಿ ಹರಸಿದರು. ಊಟವಾದ ಮೇಲೆ ಅಡುಗೆಮನೆಗೆ ತಟ್ಟೆ ಇಡಲು ಹೋದ ನಾಗವ್ವನಿಗೆ ಕಸದ ಡಬ್ಬಿಯಲ್ಲಿ ಅದೇ ಅರಿಶಿನದ ಅಕ್ಕಿ ಕಂಡಿತು. ಗೂಟಕ್ಕೆ ನೇತುಹಾಕಿದ್ದ ಜಾಕೆಟ್ಟಿನ ಜೇಬುಗಳನ್ನೆಲ್ಲ ತಿರುವಿ ನೋಡಿದಳು. ಒಂದು ಕಾಳೂ ಉಳಿದಿರಲಿಲ್ಲ.

ಮನೆ ಸೇರಿದ್ದೇ ಫೋನ್ ಕೈಗೆತ್ತಿಕೊಂಡು ಸುಶಾಂತನ ತಾಯಿಯ ನಂಬರ್ ಒತ್ತಿ, ಆ ಕಡೆ ರಿಂಗ್ ಆಗುತ್ತಿರುವಾಗಲೇ ನಮಗೆ ಹೇಳಿದಳು: “ಹಿರ್ಯಾರ ಆಶೀರ್ವಾದ ಕಸಕ್ಕ ಒಗದಾನ. ಇವನ ಮನಸಿನ್ಯಾಗ ಲಗ್ನನ ಇಲ್ಲ. ಇದು ಬ್ಯಾಡ.”

“ಒಗದಾಕಿ ನಾನು” ಎಂದಳು ಐಶ್ವರ್ಯಾ.

ನಾವಿಬ್ಬರೂ ತಿರುಗಿ ನೋಡಿದೆವು.

“ಅಲ್ಲಿಗೆ ಹೊರಗಿನ ಒಂದು ಬೀಜ, ಕಾಳು ಒಯ್ಯೂಹಂಗಿಲ್ಲ. ಜೇಬು, ಹೊಲಿಗಿ ಎಲ್ಲಾ ಚೆಕ್ ಮಾಡ್ತಾರ. ಹಿರ್ಯಾರು ಹಾಕಿದ್ದು ಅಂತ ಸುಶಾಂತಗ ಕೈ ಬರಲಿಲ್ಲ. ನಾನ ಕುಂತು ಆರಿಸಿದೆ.”

“ಮತ್ತ ನನಗ್ಯಾಕ ಹೇಳಲಿಲ್ಲ?”

“ಹೇಳಿದ್ರ ನಂಬತಿದ್ದೇನು, ಅವ್ವಾ?”

ಫೋನಿನಲ್ಲಿ ಸುಶಾಂತನ ತಾಯಿ “ಹಲೋ, ಹಲೋ” ಎನ್ನುತ್ತಿದ್ದರು.

“ಏನಿಲ್ರೀ ಬೀಗತಿಯವರ” ಎಂದಳು ನಾಗವ್ವ ಫೋನ್ ಕಿವಿಗೊತ್ತಿ. “ನಾಳೆ ವಿಮಾನ ಎಷ್ಟೊತ್ತಿಗೆ ಅಂತ ಕೇಳಾಕ ಮಾಡಿದ್ದೆ. ನಾವೂ ಬರ್ತೀವಿ.”

ಈ ಮಾತು ಕೇಳುವ ಮೊದಲೇ ಐಶ್ವರ್ಯಾ ತನ್ನ ರೂಮಿಗೆ ಹೋಗಿ ಬಾಗಿಲು ಹಾಕಿಕೊಂಡಿದ್ದಳು.