ಗುತ್ಯಪ್ಪನ ಕೋವಿಯ ಅಪೀಲು

ನಿಟ್ಟೂರಿನ ಗುತ್ಯಪ್ಪನಿಗೆ ಇದ್ದದ್ದು ಕಾಡಂಚಿನ ಎರಡು ಎಕರೆ ಗದ್ದೆ, ಅದನ್ನು ಹಂದಿಗಳಿಂದ ಕಾಯಲು ಲೈಸೆನ್ಸು ಪಡೆದ ಒಂದು ಕೇಪಿನ ಕೋವಿ. ೧೯೬೩ರಲ್ಲಿ ಭತ್ತ ತೆನೆ ಕಟ್ಟಿದ್ದಾಗ ಗದ್ದೆಗೇ ನುಗ್ಗಿದ ಹಂದಿಯೊಂದನ್ನು ಹೊಡೆದ. ಹೊಡೆದ ಹಂದಿಯಲ್ಲಿ ಊರಿನ ಮನೆಮನೆಗೂ ಪಾಲು ಹಾಕುವುದು ಅಲ್ಲಿಯ ರಿವಾಜು. ಊರಲ್ಲೇ ಬಿಡಾರ ಹೂಡಿದ್ದ ಫಾರೆಸ್ಟ್ ಗಾರ್ಡನ್ನು ಬಿಟ್ಟರೆ ಮರ್ಯಾದೆಯಲ್ಲವೆಂದು ಅವನಿಗೂ ತೊಡೆಯ ಪಾಲನ್ನೇ ಕಳಿಸಿದ. ಗಾರ್ಡು ಚೆನ್ನಾಗಿ ಉಂಡು, ಕೈ ತೊಳೆದು, ಮೀಸಲು ಕಾಡಿನಲ್ಲಿ ಬೇಟೆ ನಡೆದಿದೆ ಎಂದು ವರದಿ ಬರೆದ. ಪುರಾವೆಗೆ ಮೂಳೆ ಅವನ ಬಿಡಾರದಲ್ಲೇ ಇತ್ತು.

ಲೈಸೆನ್ಸು ರದ್ದಾಯಿತು, ಕೋವಿ ಠಾಣೆ ಸೇರಿತು. ಗುತ್ಯಪ್ಪ ತಿಂಗಳಿಗೊಮ್ಮೆ ಎಣ್ಣೆ ಹಿಡಿದುಕೊಂಡು ಹೋಗಿ, ತುಕ್ಕು ಹಿಡಿಯದಂತೆ ಅದನ್ನು ಒರೆಸಿ ಬರುತ್ತಿದ್ದ.

ಅವನು ಸಾಗರಕ್ಕೆ, ವಕೀಲ ಮುಕುಂದಯ್ಯನವರಲ್ಲಿಗೆ ಬಂದ. ನಾನು ಅವರ ಗುಮಾಸ್ತ. ಹೈಕೋರ್ಟಿನ ಮೆಟ್ಟಿಲು ಹತ್ತಬೇಕೆಂಬ ಆಸೆ ನಮ್ಮ ಸಾಹೇಬರಿಗೆ ಬಹಳ ದಿನದಿಂದ ಇತ್ತು. ನೇರವಾಗಿ ರಿಟ್ ಹಾಕಿಯೇಬಿಟ್ಟರು. ಸಾಹೇಬರೂ ಗುತ್ಯಪ್ಪನೂ ತಾಳಗುಪ್ಪದ ರೈಲು ಹತ್ತಿ ಬೆಂಗಳೂರಿಗೆ ಹೋದರು. ನ್ಯಾಯಮೂರ್ತಿಗಳು ಕೇಳಿದ್ದು ಒಂದೇ ಪ್ರಶ್ನೆ: ಕಾನೂನು ಕೊಟ್ಟಿರುವ ಅಪೀಲು ಮುಗಿಸಿದ್ದೀರಾ? ಮುಗಿಸಿರಲಿಲ್ಲ. ಮುಗಿಸಿ ಬನ್ನಿ ಎಂದು ಅರ್ಜಿ ವಜಾ ಮಾಡಿದರು. ಅವರು ಹೇಳಿದ್ದು ಸರಿಯೇ. ಆದರೆ ಅಲ್ಲಿಯವರೆಗೆ ಕಾಯಿರಿ ಎಂದು ಹಂದಿಗಳಿಗೆ ಯಾರೂ ನೋಟಿಸು ಕೊಡಲಿಲ್ಲ. ಅವು ಆ ವರ್ಷದ ಬೆಳೆ ಮುಗಿಸಿದವು.

ಅಷ್ಟರಲ್ಲಿ ಅಪೀಲಿನ ಮೂವತ್ತು ದಿನದ ಗಡುವು ದಾಟಿತ್ತು. ತಡವಾದದ್ದನ್ನು ಮನ್ನಿಸಿ ಎಂಬ ಅರ್ಜಿಯ ವಿಚಾರಣೆಗೇ ಒಂದು ವರ್ಷ, ಅಪೀಲಿನ ವಿಚಾರಣೆಗೆ ಇನ್ನೂ ಒಂದು. ಗುತ್ಯಪ್ಪ, ಅವನ ಹೆಂಡತಿ ಹೂವಮ್ಮ ಸರದಿಯ ಮೇಲೆ ಗದ್ದೆಯಲ್ಲಿ ಡಬ್ಬ ಬಡಿದರು. ಹಂದಿಗಳು ಡಬ್ಬದ ಸದ್ದಿಗೆ ಒಗ್ಗಿಕೊಂಡವು. ಮೂರನೆಯ ಮಳೆಗಾಲಕ್ಕೆ ಬಿತ್ತಲು ಬೀಜವೂ ಉಳಿಯದೆ ಗದ್ದೆ ಬೀಳುಬಿತ್ತು. ನಾನು ಮಾತ್ರ ಪ್ರತಿ ಅರ್ಜಿಯಲ್ಲೂ 'ಬೆಳೆಗೆ ಅಪಾಯವಿದೆ' ಎಂದು ಅಂದವಾಗಿ ಟೈಪು ಮಾಡುತ್ತಿದ್ದೆ.

೧೯೬೭ರ ಬೇಸಿಗೆಯಲ್ಲಿ ಆದೇಶ ಬಂತು. ಕಾಡಿನಲ್ಲಿ ಬೇಟೆಯಾಡಿದ ಆರೋಪ ಸಾಬೀತಾಗಿಲ್ಲ ಎಂದು ಮೇಲಧಿಕಾರಿಗಳು ಒಪ್ಪಿದ್ದರು. ಆದರೆ ಪಹಣಿಯಲ್ಲಿ ಜಮೀನು ಬೀಳೆಂದು ದಾಖಲಾಗಿರುವುದರಿಂದ ಅರ್ಜಿದಾರನಿಗೆ ಕಾಯಲು ಬೆಳೆಯೇ ಇಲ್ಲ. ಆದ್ದರಿಂದ ಕೋವಿಯ ಅಗತ್ಯವೂ ಇಲ್ಲ. ಅಪೀಲು ವಜಾ.

ಮುಕುಂದಯ್ಯನವರ ಮುಖ ಅರಳಿತು. ಅಪೀಲೆಲ್ಲ ಮುಗಿಯಿತು, ಇನ್ನು ಹೈಕೋರ್ಟಿಗೆ ಹೋಗಲು ಯಾವ ಅಡ್ಡಿಯೂ ಇಲ್ಲ ಎಂದು ಖುಷಿಯಿಂದ ಹೇಳಿದರು.

ಗುತ್ಯಪ್ಪ ಆದೇಶವನ್ನು ನನ್ನಿಂದ ಎರಡು ಸಲ ಓದಿಸಿ ಕೇಳಿದ. ಆಮೇಲೆ ನಿಧಾನವಾಗಿ ಹೇಳಿದ:

"ಹಾಕಿ ಸ್ವಾಮಿ. ಮುಂಚೆ ಆದ್ರೆ ನಾಟಿ, ಕೊಯ್ಲು ಅಂತ ಬರಾಕೆ ಕಷ್ಟ ಆಗ್ತಿತ್ತು. ಈಗ ಎಷ್ಟು ಸಲ ಕರೆದ್ರೂ ಬರ್ತೀನಿ. ಗದ್ದೇಲಿ ಎಂತ ಕೆಲ್ಸಾನೂ ಇಲ್ಲ."

ನಾನು ಅವನ ಮುಖ ನೋಡಲಾರದೆ, ಹೆಬ್ಬೆಟ್ಟಿನ ಶಾಯಿಯನ್ನು ಮುಂದಿಟ್ಟೆ.