ನಾನು ಕಲರ್ ಅಂದದ್ದು

ನಿಮ್ಮಪ್ಪ ಅವತ್ತು ಕುಡಿದು ಬಂದಿರಲಿಲ್ಲ, ಮಮತಾ. ಕುಡಿಸಿದವಳು ನಾನು. ಕುಡಿಸಿದ್ದಷ್ಟೇ ಅಲ್ಲ — ನಿಮ್ಮಮ್ಮ ಫೋನ್ ಮಾಡಿ ಕೇಳಿದಾಗ ಇಲ್ಲವೆಂದು ಸಾಧಿಸಿದೆ. ಆ ಫೋನನ್ನು ಅಕ್ಕ ಸ್ಪೀಕರಿಗೆ ಹಾಕಿದ್ದಳು. ನೀನು ಪಕ್ಕದಲ್ಲೇ ಇದ್ದೆ, ನಿಮ್ಮಪ್ಪನೂ ಇದ್ದರು. ನಿಮ್ಮ ಮೂವರ ಕಿವಿಗೂ ಒಟ್ಟಿಗೇ ಬಿದ್ದ ಸುಳ್ಳು ಅದು.

ನೀನಾಗ ಎಂಟನೇ ಕ್ಲಾಸಿನ ಹುಡುಗಿ. ಈಗ ನಿನ್ನ ಮದುವೆ. ಹೋದ ವಾರ ನೀನು ಫೋನ್ ಮಾಡಿ ಹೇಳಿದ್ದು ಇನ್ನೂ ಕಿವಿಯಲ್ಲಿ ಕೂತಿದೆ. "ಚಿಕ್ಕಮ್ಮ, ಅಪ್ಪ ಧಾರೆ ಎರೆಯೋದು ಬ್ಯಾಡ. ನನ್ ತಲೆ ಮೇಲೆ ಕೈ ಇಟ್ಟು ಆಣೆ ಮಾಡಿ, ಅದ್ನ ಮುರ್ದೋರ ಕೈಲಿ ನಂಗೆ ಧಾರೆ ಬ್ಯಾಡ. ನೀನೂ ಚಿಕ್ಕಪ್ಪಾನೂ ನಿಂತ್ಕಂಡು ಎರ್ಕೊಡಿ." ನಾನು ಏನು ಹೇಳಿದೆ ಗೊತ್ತಲ್ಲ — "ನೋಡಾಣ ಬುಡು" ಅಂದೆ. ನೋಡುವುದಕ್ಕೇನಿದೆ ಅದರಲ್ಲಿ? ಅವತ್ತು ಬಾಯಿ ಬಿಟ್ಟು ಸುಳ್ಳು ಹೇಳಿದೆ, ಮೊನ್ನೆ ಬಾಯಿ ಮುಚ್ಚಿಕೊಂಡು ಇನ್ನೊಂದು ಹೇಳಿದೆ. ನನ್ನ ಮೇಲೆ ನನಗೇ ರೇಗಿ ಹೋಗಿದೆ. ಅದಕ್ಕೇ ಇದನ್ನೆಲ್ಲ ಮೊದಲಿನಿಂದ ಹೇಳುತ್ತೇನೆ, ಅಡ್ಡ ಬಾರದೆ ಕೇಳು.

ಆ ಆಣೆಯ ಕಥೆ ನಿನಗೆ ಗೊತ್ತು. ಜಮೀನು ಸೋಲಾರ್ ಪಾರ್ಕಿಗೆ ಹೋದ ಮೇಲೆ ನಿಮ್ಮೂರು ಕ್ಯಾತಗಾನಚೆರ್ಲಿನಲ್ಲಿ ಬಾವನಿಗೆ ಬೆಳಗೆದ್ದರೆ ಮಾಡಲು ಕೆಲಸವಿರಲಿಲ್ಲ. ಹೊಲಕ್ಕೆ ಹೋಗುವ ಹೊತ್ತಿಗೆ ಕಾಲು ತಾನಾಗಿ ಹೊರಡುತ್ತಿತ್ತಂತೆ, ಹೋಗಿ ನಿಂತರೆ ಬೇಲಿ. ಅಲ್ಲಿಂದ ಹಿಂದಿರುಗುವ ದಾರಿಯಲ್ಲಿ ಕುಡಿತ ಹತ್ತಿಕೊಂಡಿತು. ಅಕ್ಕ ಒಂದು ದಿನ ಬಟ್ಟೆ ಗಂಟು ಕಟ್ಟಿ ಬಾಗಿಲಿಗೆ ಬಂದಾಗ, ಬಾವ ನಿನ್ನ ತಲೆಯ ಮೇಲೆ ಕೈಯಿಟ್ಟು ಇನ್ನು ಮುಟ್ಟುವುದಿಲ್ಲ ಅಂದರು. ಆಮೇಲೆ ಮುಟ್ಟಲಿಲ್ಲ. ಮದುವೆ ಮನೆಯಲ್ಲಿ, ತಿಥಿ ಮನೆಯಲ್ಲಿ ನೆಂಟರು ಗೋಗರೆದರೂ ಮುಟ್ಟಲಿಲ್ಲ. ಅದನ್ನು ಮುಟ್ಟಿಸಲು ಮಧುಗಿರಿಯ ನಮ್ಮ ಮನೆಯಲ್ಲಿ ನಾನೇ ಬೇಕಾಯಿತು.

ಅವತ್ತು ನಿಮ್ಮ ಚಿಕ್ಕಪ್ಪನ ಹುಟ್ಟುಹಬ್ಬ. ಸಂಜೆ ಅವರ ಬ್ಯಾಂಕಿನ ಗೆಳೆಯರು ಜೋಡಿ ಜೋಡಿಯಾಗಿ ಊಟಕ್ಕೆ ಬರುವವರಿದ್ದರು. ನನಗೋ ಫೋನಿನಲ್ಲಿ ನೋಡಿದ ಒಂದು ಹುಚ್ಚು — ಪುಟ್ಟ ಗಾಜಿನ ಲೋಟದಲ್ಲಿ ಬಣ್ಣ ಬಣ್ಣದ ಮದ್ಯವನ್ನು ಒಂದರ ಮೇಲೊಂದು ಪದರವಾಗಿ ನಿಲ್ಲಿಸುವುದು. ಶಾಟ್ ಎನ್ನುತ್ತಾರೆ, ಒಂದೇ ಗುಟುಕಿಗೆ ಎತ್ತುವುದು. ಪುರವರದ ಕಡೆ ಹೈಸ್ಕೂಲಿನಲ್ಲಿ ವಿಜ್ಞಾನ ಹೇಳುವವಳು ನಾನು. ಬೆಲ್ಲದ ಪಾಕ, ನೀರು, ಎಣ್ಣೆ ಮೂರನ್ನೂ ಒಂದೇ ಲೋಟದಲ್ಲಿ ನಿಲ್ಲಿಸಿ ಮಕ್ಕಳಿಗೆ ಸಾಂದ್ರತೆ ತೋರಿಸುತ್ತೇನೆ. ಇದೇನು ಮಹಾ ಅಂದುಕೊಂಡೆ.

ಮಹಾ ಆಗಿಯೇ ಇತ್ತು. ಕೆಳಗೆ ಗುಲಾಬಿ ಶರಬತ್ತಿನ ಪಾಕ — ಸಕ್ಕರೆ ಹೆಚ್ಚು, ಹಾಗಾಗಿ ಭಾರ, ಅದು ತಳದಲ್ಲಿ ಕೂರುತ್ತದೆ. ಅದರ ಮೇಲೆ ಕಾಫಿ ಡಿಕಾಕ್ಷನ್, ಸಕ್ಕರೆ, ರಮ್ ಸೇರಿಸಿ ನಾನೇ ಮಾಡಿದ ಕಂದು ಪದರ. ಎಲ್ಲಕ್ಕೂ ಮೇಲೆ ಹಾಲಿನ ಕೆನೆ, ಒಂದಿಷ್ಟು ಮಿಲ್ಕ್‌ಮೇಡ್, ವಿಸ್ಕಿ ಕಲೆಸಿದ ಬಿಳಿ. ಚಮಚದ ಬೆನ್ನು ಮೇಲೆ ಮಾಡಿ ಲೋಟದ ಒಳಗೋಡೆಗೆ ತಾಗಿಸಿ ಹಿಡಿಯಬೇಕು, ಆ ಬೆನ್ನಿನ ಮೇಲೆ ಎಳೆಯಾಗಿ ಸುರಿಯಬೇಕು. ಕೈ ಒಂದಿಷ್ಟು ಅವಸರ ಮಾಡಿದರೆ ಮುಗಿಯಿತು, ಮೂರೂ ಕಲೆತು ಕೆಸರು. ನನ್ನದು ಕೆಸರೇ ಆಯಿತು. ಮತ್ತೆ ಮಾಡಿದೆ, ಮತ್ತೆ ಕೆಸರು. ಕೆನೆಯೊಳಗೆ ಕಾಫಿ ನುಗ್ಗುವುದು, ಪಾಕ ಮೇಲೆದ್ದು ಬರುವುದು. ಬಿಸಿಲು ಬೇರೆ, ಬೆಟ್ಟದ ಬಂಡೆಯ ಕಾವೆಲ್ಲ ನಮ್ಮ ಅಡುಗೆಮನೆಗೇ ಇಳಿದಂತಿತ್ತು. ಕೆಟ್ಟದ್ದನ್ನೆಲ್ಲ ಸಿಂಕಿಗೆ ಚೆಲ್ಲಿ ಚೆಲ್ಲಿ ತಲೆ ಚಿಟ್ಟು ಹಿಡಿಯಿತು. ಯಾಕೆ ಬೇಕಿತ್ತು ಈ ತೆವಲು, ಒಂದು ಕೇಸರಿಬಾತ್ ಮಾಡಿ ಕೈ ತೊಳೆದುಕೊಳ್ಳಬಾರದಿತ್ತೇ ಎಂದು ನನ್ನನ್ನೇ ಬೈದುಕೊಂಡೆ. ಪಾಕವನ್ನು ಇನ್ನಷ್ಟು ಕಾಯಿಸಿ ಗಟ್ಟಿ ಮಾಡಿ, ಎಲ್ಲವನ್ನೂ ತಣ್ಣಗಾಗಿಸಿ ಕೊನೆಗೊಮ್ಮೆ ಸುರಿದಾಗ ನಿಂತಿತು — ಕೆಂಪು, ಕಂದು, ಬಿಳಿ, ಗೆರೆ ಎಳೆದ ಹಾಗೆ. ಒಂದು ತಟ್ಟೆ ತುಂಬ ಮಾಡಿ ಫ್ರಿಜ್ಜಿನಲ್ಲಿಟ್ಟೆ. ಯಾರಾದರೂ ನೋಡಿ ಭೇಷ್ ಅನ್ನಲಿ ಎಂದು ಮನಸ್ಸು ಕುಣಿಯುತ್ತಿತ್ತು. ಇದನ್ನು ಹೇಳಲೇಬೇಕು, ಯಾಕೆಂದರೆ ಆಮೇಲೆ ಆದದ್ದರಲ್ಲಿ ಈ ಹೆಮ್ಮೆಯ ಪಾಲೂ ಇದೆ.

ಅಷ್ಟರಲ್ಲಿ ಬಾವ ಬಂದರು. ಯಾರದೋ ಹೊಲದಿಂದ ಕೇಳಿ ತಂದ ಹಸಿ ಕಳ್ಳೆಕಾಯಿಯ ಚೀಲ ಹೊತ್ತು, ಪಾವಗಡದ ಬಸ್ಸಿಳಿದು, ಉರಿಬಿಸಿಲಲ್ಲಿ ನಡೆದು. ಬರುತ್ತೇನೆಂದು ಹೇಳಿರಲಿಲ್ಲ, ಎಂದೂ ಹೇಳುತ್ತಿರಲಿಲ್ಲ. ಚೀಲ ಇಳಿಸಿದವರೇ ತಣ್ಣೀರಿಗೆಂದು ಫ್ರಿಜ್ ತೆಗೆದರು. ನಮ್ಮ ಮನೆಯಲ್ಲಿ ಅವರಿಗೆ ಅಷ್ಟು ಸಲಿಗೆಯಿತ್ತು, ನೆಂಟರ ಹಾಗೆ ಸೋಫಾದ ತುದಿಯಲ್ಲಿ ಕೂರುವವರಲ್ಲ.

"ಏನ್ ಟೀಚರಮ್ಮ ಇದು, ಕಲರಾ?" ಅಂದರು. "ಇಷ್ಟೇ ಇಷ್ಟು ಗ್ಲಾಸು, ಗುಬ್ಬಿಗೆ ಕುಡ್ಸೋಂಗೈತಲ್ಲ."

ನಮ್ಮ ಕಡೆ ಕಲರ್ ಎಂದರೆ ಏನೆಂದು ನಿನಗೆ ಹೇಳಬೇಕಿಲ್ಲ. ಬಣ್ಣವಲ್ಲ ಅದು. ನೆಂಟರು ಬಂದರೆ ಅಂಗಡಿಯಿಂದ ತರಿಸಿ ಕೊಡುವ ಸಿಹಿ ಸೋಡಾ, ಮಕ್ಕಳು ನಾಲಿಗೆ ಕೆಂಪು ಮಾಡಿಕೊಂಡು ಕುಡಿಯುವಂಥದು. ಬಾವ ಕೇಳಿದ್ದು ಅದನ್ನೇ. ನನಗೆ ಅದು ಅರ್ಥವಾಗಿತ್ತು. ಎಷ್ಟೋ ವರ್ಷ ನಾನು ನನಗೇ ಹೇಳಿಕೊಂಡಿದ್ದೇನೆ — ಮೂರು ಬಣ್ಣ ಇದ್ದವಲ್ಲ, ಕಲರ್ ಅಂದದ್ದು ಬಣ್ಣವೆಂಬ ಅರ್ಥದಲ್ಲಿ, ಅಷ್ಟೊಂದು ಸುಳ್ಳೇನಲ್ಲ… ಮಣ್ಣು. ಮನೆಯಲ್ಲಿ ಮದ್ಯ ಕಲೆಸುತ್ತಾಳೆ ಟೀಚರಮ್ಮ ಎಂದು ಅಕ್ಕನಿಗೆ ಗೊತ್ತಾದರೆ, ಅಕ್ಕನಿಂದ ಊರಿಗೆ, ಊರಿಂದ ಸ್ಕೂಲಿಗೆ — ಅದೊಂದೇ ನನ್ನ ತಲೆಯಲ್ಲಿದ್ದದ್ದು.

"ಹೂಂ ಬಾವ, ಕಲರ್," ಅಂದೆ.

ಆಗಲೇ ಅವರ ಕೈಯಲ್ಲಿ ಒಂದು ಲೋಟವಿತ್ತು. ಕಿತ್ತುಕೊಳ್ಳಬಹುದಿತ್ತು. ಬೇಡ ಬಾವ, ಸಂಜೆ ಬರುವವರಿಗೆ ಇಟ್ಟದ್ದು ಎಂದಾದರೂ ಅನ್ನಬಹುದಿತ್ತು, ಬೇಜಾರು ಮಾಡಿಕೊಳ್ಳುವ ಮನುಷ್ಯರಲ್ಲ. ಅವರು ಅದನ್ನು ಬೆಳಕಿಗೆ ಹಿಡಿದು "ಭಲೇ ಚೆಂದಾಗೈತೆ" ಅಂದರು. ನಾನು… ನಾನು ಹಿಗ್ಗಿದೆ ಕಣೆ. ಅದನ್ನು ಹೇಗೆ ಹೇಳಲಿ.

ಅರ್ಧ ಒಳಗೆ ಹೋಗುವಷ್ಟರಲ್ಲಿ ಅವರಿಗೆ ತಿಳಿದುಹೋಯಿತು. ಬೆಚ್ಚಿಬಿದ್ದರು, ಉಳಿದರ್ಧ ಬಿಳಿ ಅಂಗಿಯ ಎದೆ ಮೇಲೆ ಚೆಲ್ಲಿತು. ನನ್ನ ಮುಖ ನೋಡಿದರು. ನಾನು ನೆಲ ಒರೆಸುವ ಬಟ್ಟೆ ಹುಡುಕುವವಳಂತೆ ತಿರುಗಿಕೊಂಡೆ. ಹಿತ್ತಲಿನ ನಲ್ಲಿಯಲ್ಲಿ ಅವರು ಬಾಯಿ ಮುಕ್ಕಳಿಸುವ ಸದ್ದು ಬಹಳ ಹೊತ್ತು ಕೇಳಿಸುತ್ತಿತ್ತು. ಒಳಗೆ ಬಂದು ಏನೂ ಕೇಳಲಿಲ್ಲ, ಬೈಯಲಿಲ್ಲ. ಊಟ ಮಾಡಿ ಅಂದೆ. "ಬತ್ತೀನಮ್ಮ, ಬಸ್ ಹೋಯ್ತದೆ" ಅಂದು ಹೊರಟರು. ಅಂಗಿ ಬದಲಾಯಿಸಿಕೊಂಡು ಹೋಗಿ, ಇವರದ್ದೊಂದು ಕೊಡುತ್ತೇನೆ ಅನ್ನುವಷ್ಟು ಬುದ್ಧಿಯೂ ನನಗೆ ಓಡಲಿಲ್ಲ.

ಸಂಜೆ ಬ್ಯಾಂಕಿನ ಗೆಳೆಯರ ಮುಂದೆ ತಟ್ಟೆ ಹಿಡಿದು ನಿಂತಿದ್ದಾಗ ಅಕ್ಕನ ಫೋನ್ ಬಂತು. "ಲೇ ಸುಧಾ, ನಿಮ್ ಬಾವ ಕುಡ್ಕಂಡು ಬಂದ್ಬುಟ್ಟವ್ರೆ ಕಣೇ. ಅಂಗಿಯೆಲ್ಲ ಗಮ್ಮಂತೈತೆ. ಕೇಳಿದ್ರೆ ನಿಮ್ಮನೇಲಿ ಕಲರ್ ಕುಡ್ದೆ, ಒಳಗೇನಿತ್ತೋ ಅಂತವ್ರೆ. ನೀನೇನ್ ಕೊಟ್ಟೆ, ನಿಜ ಹೇಳು."

ನನ್ನ ಹಿಂದೆ ಅವರೆಲ್ಲ ನಗುತ್ತಿದ್ದರು. ಕೈಯಲ್ಲಿ ಆ ತಟ್ಟೆಯೇ ಇತ್ತು.

"ಕಲರ್ ಕೊಟ್ಟೆ ಕಣಕ್ಕ. ಅಂಗ್ಡೀದು. ಅಷ್ಟೇಯ."

ಆಮೇಲೆ ಅಕ್ಕನ ದನಿ, ನನಗಲ್ಲ, ಬಾವನಿಗೆ — "ಕುಡ್ದಿದ್ದೂ ಅಲ್ದೆ ನನ್ ತಂಗಿ ಮೇಲೆ ಹಾಕ್ತೀಯಲ್ಲ, ನಾಚ್ಕೆ ಆಗಲ್ವಾ ನಿಂಗೆ." ಬಾವ ಒಂದು ಮಾತೂ ಆಡಲಿಲ್ಲ. ಆಡಬಹುದಿತ್ತಲ್ಲ! ನನ್ನ ಫ್ರಿಜ್ಜಿನ ತಟ್ಟೆ, ಲೋಟ, ಕೆಂಪು, ಬಿಳಿ, ಎಲ್ಲ ಹೇಳಬಹುದಿತ್ತು. ಆ ಮನುಷ್ಯನ ಸುಮ್ಮನಿರುವಿಕೆಗೂ ನಾನು ಎಷ್ಟು ಸಲ ರೇಗಿದ್ದೇನೆಂದರೆ — ನೋಡು, ತಪ್ಪು ನನ್ನದು, ಸಿಟ್ಟು ಅವರ ಮೇಲೆ. ಎಂಥ ಹೆಂಗಸು ನಾನು.

ಅಲ್ಲಿಗೇ ನಿಂತಿದ್ದರೂ ಆಗುತ್ತಿತ್ತು. ಕೆಲವೇ ದಿನದಲ್ಲಿ ನಿನಗೆ ಜ್ವರ ಬಂತು, ಸೊಳ್ಳೆಯ ಜ್ವರ. ತುಮಕೂರಿನ ಆಸ್ಪತ್ರೆಯಲ್ಲಿ ನೀನು ಕಣ್ಣು ಬಿಡದೆ ಮಲಗಿದ್ದೆ. ತಲೆ ಮೇಲಿಟ್ಟ ಆಣೆ ಮುರಿದದ್ದಕ್ಕೇ ಮಗುವಿಗೆ ಹೀಗಾಯಿತು ಎಂದು ಅಕ್ಕ ಬಂದವರಿಗೆಲ್ಲ ಹೇಳುತ್ತಿದ್ದಳು. ಪ್ರಜ್ಞೆ ಬಂದ ಮೇಲೆ ನಿನಗೂ ಹೇಳಿದಳು. ಬಾವ ವಾರ್ಡಿನ ಒಳಗೆ ಬರುತ್ತಿರಲಿಲ್ಲ, ಹೊರಗೆ ಗೋಡೆಗೊರಗಿ ನಿಂತಿರುತ್ತಿದ್ದರು. ನಾನು ಎಳನೀರು ಹಿಡಿದು ಹೋದಾಗ ನನ್ನನ್ನು ತಡೆದು ಮೆಲ್ಲಗೆ ಕೇಳಿದರು.

"ಟೀಚರಮ್ಮ, ಗೊತ್ತಿಲ್ದೆ ಕುಡುದ್ರೂ ಆಣೆ ಮುರ್ದಂಗೇನಾ?"

ಅವರು ನನ್ನನ್ನು ದೂರಲಿಲ್ಲ. ಕಲಿತವಳು ಎಂದು ಕೇಳಿದರು, ಅಷ್ಟೇ. ಜ್ವರ ಸೊಳ್ಳೆಯಿಂದ ಬರುತ್ತೆ ಬಾವ, ಆಣೆಗೂ ಅದಕ್ಕೂ ಸಂಬಂಧವಿಲ್ಲ ಎಂದು ಪಾಠ ಒಪ್ಪಿಸಿದೆ. ಅದು ನಿಜವೇ. ಆದರೆ ಅವರಿಗೆ ಬೇಕಾಗಿದ್ದ ನಿಜ ಬೇರೆ. ಅದನ್ನು ವಾರ್ಡಿನೊಳಗೆ ಹೋಗಿ ಅಕ್ಕನಿಗೆ ಹೇಳಬೇಕಿತ್ತು, ಹತ್ತು ಹೆಜ್ಜೆಯೂ ಇರಲಿಲ್ಲ. ಎಳನೀರು ಕೊಟ್ಟು ಬಂದೆ.

ನೀನು ಹುಷಾರಾದೆ. ಅಪ್ಪನ ಜೊತೆ ಮಾತು ಬಿಟ್ಟೆ. ಬೇಕಾದ್ದು ಬೇಡಾದ್ದನ್ನೆಲ್ಲ ಅಮ್ಮನ ಮೂಲಕವೇ ಹೇಳಿಸುತ್ತೀಯ ಎಂದು ಕೇಳಿದ್ದೇನೆ. ಆಣೆ ಮಾಡಿದ ಮೇಲೆ ಅವರು ಆ ಅರ್ಧ ಗುಟುಕಿನ ಹಿಂದೆಯೂ ಕುಡಿಯಲಿಲ್ಲ, ಮುಂದೆಯೂ ಕುಡಿಯಲಿಲ್ಲ. ಯಾರೂ ನಂಬುವುದಿಲ್ಲ. ನಿನ್ನ ಎಸೆಸೆಲ್ಸಿ ರಿಸಲ್ಟಿನ ದಿನ ಸಿಹಿ ತಂದು, ನಿನ್ನ ಕೈಗೆ ಕೊಡಲು ಅಂಜಿ, ಒಲೆ ಪಕ್ಕ ಇಟ್ಟು ಹೋದರಂತೆ. ಇದನ್ನು ನನಗೆ ಹೇಳಿದ್ದು ಅಕ್ಕ, ನಗುತ್ತಾ. ನಾನೂ ನಕ್ಕೆ.

ನಿಮ್ಮ ಚಿಕ್ಕಪ್ಪನಿಗೆ ಎಲ್ಲ ಗೊತ್ತು. ಮೊನ್ನೆ ಹೇಳಿಬಿಡುತ್ತೇನೆ ಅಂದರೆ, "ಈಗ್ಯಾಕೆ ಕೆದಕ್ತೀಯ, ಮದ್ವೆ ಮುಗೀಲಿ ತಡಿ" ಎಂದರು. ಮದುವೆ ಮುಗಿದ ಮೇಲೆ ಹೇಳಿ ಯಾವ ಸುಖಕ್ಕೆ? ಧಾರೆ ಎರೆಯುವುದು ಒಂದೇ ಸಲ. ಅಲ್ಲಿ ಅವರ ಜಾಗದಲ್ಲಿ ನಾನು ನಿಂತು, ಅವರು ಛತ್ರದ ಹಿಂದೆಲ್ಲೋ ಊಟದ ಎಲೆ ಎಣಿಸುತ್ತಾ… ಆಗುವುದಿಲ್ಲ, ಮಮತಾ. ಚಮಚದ ಬೆನ್ನ ಮೇಲೆ ಅದನ್ನು ಅಷ್ಟು ಜೋಪಾನವಾಗಿ ಸುರಿದ ಕೈ ಇದು. ಇದು ನಿನ್ನ ಧಾರೆ ಎರೆಯುವುದಿಲ್ಲ.

ನೀನು ಇನ್ನು ನನ್ನನ್ನು ಚಿಕ್ಕಮ್ಮ ಅನ್ನದಿದ್ದರೆ ಅದನ್ನೂ ಉಣ್ಣುತ್ತೇನೆ. ಅಕ್ಕ ಬಾಗಿಲು ಹಾಕಿಕೊಂಡರೆ ಹಾಕಿಕೊಳ್ಳಲಿ. ಸ್ಕೂಲಿಗೆ ಗೊತ್ತಾದರೆ ಗೊತ್ತಾಗಲಿ, ಅದಕ್ಕೆ ಹೆದರಿಯೇ ಇಷ್ಟೆಲ್ಲ ಆದದ್ದು. ಕ್ಷಮಿಸು ಎಂದು ನಿನ್ನನ್ನು ಕೇಳುವುದಿಲ್ಲ. ಕೇಳಬೇಕಾದದ್ದು ಬಾವನನ್ನು, ಅವರು ತಕ್ಷಣ ಬಿಡಮ್ಮ ಅಂದುಬಿಡುತ್ತಾರೆ, ಅದೇ ನನಗೆ ಭಯ.

ನಾಳೆ ಭಾನುವಾರ, ಬೆಳಗಿನ ಪಾವಗಡದ ಬಸ್ಸಿಗೆ ಹೊರಡುತ್ತೇನೆ. ನೀನೂ ಮನೆಯಲ್ಲಿರು. ಅವತ್ತು ಕೇಳಿದ ಮೂವರೂ ಎದುರಿಗೆ ಇರಬೇಕು. ದಾರಿಯುದ್ದಕ್ಕೂ ಬೇರೆ ಮಾತು ಜೋಡಿಸುವುದಿಲ್ಲ. ಹೊಸಿಲು ದಾಟಿದ ಕೂಡಲೇ, ಚಪ್ಪಲಿ ಬಿಡುವುದಕ್ಕೂ ಮೊದಲು ಹೇಳುತ್ತೇನೆ:

"ಅಕ್ಕ, ಅವತ್ತು ನಾನು ಕೊಟ್ಟದ್ದು ಕಲರ್ ಅಲ್ಲ."