ಅಪ್ಪ ಸೇರಿದ ಸ್ಕ್ವಾಡ್

ಆನ್‌ಲೈನ್‌ನಲ್ಲಿ ಯಾರದೋ ತಂಡ, ಅವಳ ಮಾತಿನಲ್ಲಿ ಸ್ಕ್ವಾಡ್, ಸೇರಿ ಗೇಮ್ ಆಡಿದ ಮಗಳು ಹೆಡ್‌ಫೋನ್ ಬಿಚ್ಚಿಟ್ಟಳು. ಅದರ ಸ್ಪಂಜಿನ ಕೊಬ್ಬರಿ ಎಣ್ಣೆ ವಾಸನೆ ನನ್ನನ್ನು ನೇರ ಪದ್ಮನಾಭನಗರದ ಹಳೇ ಸೈಬರ್ ಕೆಫೆಗೆ ಎಳೆದೊಯ್ದಿತು. ಅಲ್ಲಿನ ಹೆಡ್‌ಫೋನ್‌ಗಳಿಗೂ ಇದೇ ವಾಸನೆ.

ಅಲ್ಲಿ ನಾವು ನಾಲ್ವರು ಹುಡುಗರು ಪ್ರತಿ ಭಾನುವಾರ ಲೋಕ ಕಾಪಾಡುತ್ತಿದ್ದೆವು. ಗುಂಡು ತಗುಲಿ ಬಿದ್ದವನ ಬಳಿ ಹೋಗಿ ಬಟನ್ ಒತ್ತಿದರೆ ಅವನು ಎದ್ದು ನಿಲ್ಲುವ ಆಟ. ನನ್ನನ್ನು ಮನೆಗೆ ಕರೆದೊಯ್ಯಲು ಬಂದ ಅಪ್ಪ, ಹೆಲ್ಮೆಟ್ಟನ್ನೂ ತೆಗೆಯದೆ ಕುರ್ಚಿಯ ಹಿಂದೆ ನಿಂತು ಸೇನಾಧಿಪತಿಯಾಗಿಬಿಡುತ್ತಿದ್ದರು.

"ಲೋ, ಸತೀಶ ಬಿದ್ದಿದಾನೆ, ಹೋಗಿ ಎಬ್ಬಿಸೋ."

"ಬೇಡ ಅಂಕಲ್, ಬಂದ್ರೆ ಇವನೂ ಸಾಯ್ತಾನೆ," ಎಂದು ಪಕ್ಕದ ಕುರ್ಚಿಯಿಂದ ಸತೀಶನೇ ಗೋಗರೆಯುತ್ತಿದ್ದ.

"ಸಾಯ್ಲಿ ಬಿಡು. ಜೊತೇಲಿ ಬಂದೋನ್ನ ಬಿಟ್ಟು ಹೋಗ್ತಾರೇನೋ?"

ಹೀಗಾಗಿ ನಾವು ಗೆದ್ದ ಇತಿಹಾಸವಿಲ್ಲ.

ನಾನು ಪಿಯುಸಿಯಲ್ಲಿದ್ದಾಗ ಅಪ್ಪ ಆಸ್ಪತ್ರೆ ಸೇರಿದರು. ಐಸಿಯು ಬಾಗಿಲಲ್ಲಿ ನರ್ಸ್, "ಮಕ್ಕಳು ಮಾತ್ರ ಬನ್ನಿ," ಎಂದರು.

"ನಾಲ್ಕು ಜನಾನೂ ಅವರ ಮಕ್ಕಳೇ ಸಿಸ್ಟರ್," ಎಂದ ಸತೀಶ, ಗಂಭೀರವಾಗಿ.

ನರ್ಸ್ ನಮ್ಮ ಮುಖಗಳನ್ನು ನೋಡಿ ದಾರಿ ಬಿಟ್ಟರು. ಮಂಚದ ಸುತ್ತ ನಿಂತೆವು. ಒತ್ತಲು ಯಾವ ಬಟನ್ನೂ ಇರಲಿಲ್ಲ. ಅಪ್ಪ ಏಳಲಿಲ್ಲ.

ಇದನ್ನೆಲ್ಲ ಕೇಳಿದ ಮಗಳು, "ತಾತ ಚೆನ್ನಾಗಿ ಆಡಿಸ್ತಿದ್ರಾ?" ಎಂದಳು.

"ಸಖತ್ತಾಗಿ ಸೋಲಿಸ್ತಿದ್ರು," ಎಂದೆ.